ಕಡ್ಡಿರಾಂಪುರಕ್ಕೆ ಬಂದ ಕತ್ತಿಯವನು

ಕಡ್ಡಿರಾಂಪುರದ ನಮ್ಮ ಮನೆಯ ಹಿಂದೆ ಮೂರು ಕೋಣೆ ಕಟ್ಟಿಸಿ, ಹಂಪಿ ನೋಡಲು ಬರುವವರಿಗೆ ಬಾಡಿಗೆಗೆ ಕೊಡುತ್ತೇವೆ. ಬಂದವರು ಏನಾದರೊಂದು ಮರೆತು ಹೋಗುತ್ತಾರೆ, ಮರೆತದ್ದು ನಮ್ಮ ಮನೆಯಲ್ಲಿ ಏನಾದರೊಂದು ಮಾಡುತ್ತಲೇ ಇರುತ್ತದೆ. ಚಾರ್ಜರು, ಚಪ್ಪಲಿ ಆದರೆ ಪರವಾಗಿಲ್ಲ. ಒಮ್ಮೆ ಜಪಾನಿನ ಹುಡುಗಿಯೊಬ್ಬಳು ಚಿತ್ರಕಥೆಯ ಪುಸ್ತಕವೊಂದನ್ನು ದಿಂಬಿನ ಕೆಳಗೆ ಬಿಟ್ಟುಹೋದಳು.

ಸತ್ತವರು ಎದ್ದರು

ಅದರಲ್ಲಿ ಒಂದಕ್ಷರವೂ ನಮಗೆ ತಿಳಿಯದು. ಆದರೆ ಚಿತ್ರ ನೋಡಲು ಭಾಷೆ ಯಾಕೆ? ಮಧ್ಯಾಹ್ನ ಕರೆಂಟು ಹೋದಾಗ ನಾನೂ ಅತ್ತೆಯೂ ಕಟ್ಟೆಯ ಮೇಲೆ ಕುಳಿತು, ನಮ್ಮ ಪುಸ್ತಕ ತೆರೆಯುವ ಹಾಗೇ ತೆರೆದೆವು. ಮೊದಲ ಪುಟದಲ್ಲೇ ಕತ್ತಿ ಹಿಡಿದವನೊಬ್ಬ ಮೈತುಂಬ ಗಾಯ ಮಾಡಿಕೊಂಡು ಹಿಮದಲ್ಲಿ ಒಬ್ಬನೇ ನಿಂತಿದ್ದ. ಸುತ್ತ ಹೆಣಗಳು. ಪುಟ ತಿರುಗಿಸುತ್ತ ಹೋದಂತೆ ಬಿದ್ದವರೆಲ್ಲ ಒಬ್ಬೊಬ್ಬರಾಗಿ ಎದ್ದರು, ಇವನ ಗಾಯಗಳೂ ಮಾಯವಾದವು, ಕೊನೆಗೆ ಕತ್ತಿ ಒರೆ ಸೇರಿತು.

ಅತ್ತೆ ಪುಸ್ತಕಕ್ಕೆ ಕೈಮುಗಿದರು. “ಕತ್ತಿ ಮುಟ್ಟಿಸಿದ್ರ ಸತ್ತೋರು ಏಳ್ತಾರಲ್ಲ. ಇವ ಭಾಳ ದೊಡ್ಡ ಡಾಕ್ಟರ್ ಇರಬೇಕು.”

ಮೊಣಕಾಲು

ಅದೇ ವಾರ ಉದ್ದ ಕೂದಲಿನ, ಹುಲ್ಲಿನ ಟೋಪಿಯ ಅತಿಥಿಯೊಬ್ಬ ಬಾಳೆತೋಟದ ದಾರಿಯಲ್ಲಿ ನಡೆದು ಬಂದ. ಬೆನ್ನಿಗೆ ಉದ್ದನೆಯ ಚೀಲ. ಬಿಸಿಲ ಝಳದಲ್ಲಿ ಅವನ ಕಾಲು ನೆಲಕ್ಕೆ ತಾಗುತ್ತಿಲ್ಲವೇನೋ ಎನ್ನುವ ಹಾಗೆ ಕಾಣುತ್ತಿತ್ತು. ಪುಸ್ತಕದಿಂದಲೇ ಇಳಿದು ಬಂದನೇ ಎಂದು ನನಗೂ ಒಂದು ಗಳಿಗೆ ಅನ್ನಿಸಿತು. ಅತ್ತೆಗೆ ಅನುಮಾನವೇ ಇರಲಿಲ್ಲ. ನೋಯುವ ಮೊಣಕಾಲನ್ನು ಮುಂದೆ ಚಾಚಿ, ಒಮ್ಮೆ ಮುಟ್ಟಿಸಪ್ಪ ಎಂದು ಕೇಳಿಕೊಂಡರು. ಅವನು ಚೀಲದಿಂದ ಕ್ಯಾಮೆರಾ ಸ್ಟ್ಯಾಂಡು ತೆಗೆದು ನಿಲ್ಲಿಸಿ, ಮೊಣಕಾಲಿನ ಫೋಟೋ ಹೊಡೆದುಕೊಂಡು, ನಮಸ್ಕಾರ ಮಾಡಿ ಒಳಗೆ ಹೋದ.

ಮರುದಿನ ಅತ್ತೆ ನೋವು ಅರ್ಧ ಇಳಿದಿದೆ ಎಂದರು. ಇನ್ನೊಂದು ಕಾಲಿನ ಫೋಟೋಕ್ಕಾಗಿ ಸಂಜೆಯವರೆಗೂ ಅವನ ಬಾಗಿಲ ಮುಂದೆ ಕುಳಿತಿದ್ದರು.

ಮಳೆಯಲ್ಲಿ

ದಿನಕ್ಕೆ ನಾಲ್ಕೈದು ಪುಟ ನೋಡುತ್ತಿದ್ದೆವು. ಬೆಟ್ಟ, ಹೊಳೆ, ಬಿದಿರುಕಾಡು, ಕತ್ತಿಯವನು ನಡೆಯುತ್ತಲೇ ಇದ್ದ. ಇವನಿಗೆ ಮನೆ ಅಂತ ಒಂದಿದೆಯೋ ಇಲ್ಲವೋ, ಇದ್ದರೂ ಮುಟ್ಟುತ್ತಾನೋ ಇಲ್ಲವೋ ಎಂದು ಅತ್ತೆಗೆ ಒಂದೇ ಚಿಂತೆ. ನನ್ನ ಕನಸಿನಲ್ಲಿ ಅವನು ಹಂಪಿಯ ಬಂಡೆಗಳ ನಡುವೆ ಸದ್ದಿಲ್ಲದೆ ನಡೆದು ಹೋಗುತ್ತಿದ್ದ. ಎಚ್ಚರವಾದರೆ ಬೇಸರವಾಗುತ್ತಿತ್ತು.

ಒಂದು ಸಂಜೆ ಅವನು ಜೋರು ಮಳೆಯಲ್ಲಿ ಮರದಡಿ ನಿಂತ ಪುಟಕ್ಕೆ ನಾನು ಪುಸ್ತಕ ಮುಚ್ಚಿ ಅಡುಗೆಗೆ ಎದ್ದೆ. ಅತ್ತೆ ಬಿಡಲಿಲ್ಲ. ಅವನನ್ನು ಮಳೆಯಲ್ಲಿ ನಿಲ್ಲಿಸಿ ನಾವು ಹೇಗೆ ಉಣ್ಣುವುದು ಎಂದರು. ಅವನಿಗೊಂದು ಸೂರು ಸಿಗುವವರೆಗೆ ಪುಟ ತಿರುಗಿಸಿದ್ದಾಯಿತು. ಅಷ್ಟರಲ್ಲಿ ಹೊಸಪೇಟೆಯಿಂದ ಬಂದ ನನ್ನ ಗಂಡ ರೊಟ್ಟಿಯ ಬುಟ್ಟಿ ಖಾಲಿ ಇದ್ದದ್ದು ನೋಡಿ, “ಅವ್ವಾ, ನಾನೂ ತೊಯ್ಸಿಕೊಂಡು ಬಂದೀನಿ” ಎಂದರು.

“ನೀ ಬೈಕ್ ಮ್ಯಾಲ ಬಂದೀಯಪಾ. ಅವ ನಡಕೊಂತ ಬರಾಕತ್ಯಾನ.”

ಎರಡನೇ ಭಾಗ

ಕೊನೆಗೂ ಮನೆ ಬಂತು. ಬಾಗಿಲಲ್ಲಿ ಅವನ ತಾಯಿ ನಿಂತಿದ್ದಳು. ಅದರ ಮುಂದಿನ ಪುಟದಲ್ಲಿ ಅವಳು ಬಡಿಸುತ್ತಿದ್ದಳು, ಅವನು ಕುಳಿತು ಅನ್ನ ಉಣ್ಣುತ್ತಿದ್ದ. ಅಲ್ಲಿಗೆ ಪುಸ್ತಕ ಮುಗಿಯಿತು. ಅತ್ತೆಯ ಕಣ್ಣು ತುಂಬಿತು, ನನ್ನದೂ. ಅವತ್ತು ಪಾಯಸ ಮಾಡಿದೆವು.

ಮುಂದಿನ ಚಳಿಗಾಲದಲ್ಲಿ ಅದೇ ಹುಡುಗಿ ಮತ್ತೆ ಬಂದಳು. ನಮ್ಮಿಬ್ಬರ ಹರಕುಮುರುಕು ಇಂಗ್ಲಿಷಿನಲ್ಲಿ ನನಗೆ ತಿಳಿದದ್ದು ಇಷ್ಟು: ಅವರ ಪುಸ್ತಕ ನಾವು ಮುಗಿಸಿದ ತುದಿಯಿಂದ ಶುರುವಾಗುತ್ತದಂತೆ. ಅಂದರೆ ಅವನು ತಾಯಿಯ ಕೈಯ ಊಟ ಮುಗಿಸಿ ಮನೆ ಬಿಟ್ಟವನು. ಊರೂರು ಅಲೆದು, ಕಂಡವರನ್ನೆಲ್ಲ ಕಡಿದು, ಹಿಮದಲ್ಲಿ ಒಂಟಿಯಾಗಿ ನಿಂತವನು. ಇದನ್ನು ಅತ್ತೆಗೆ ಹೇಗೆ ಹೇಳುವುದೆಂದು ತಿಳಿಯಲಿಲ್ಲ. ಆದರೂ ಹೇಳಿದೆ.

ಅತ್ತೆ ಪುಸ್ತಕವನ್ನು ಆ ಕಡೆಯಿಂದ ತೆರೆದರು. ಅವನು ಉಣ್ಣುತ್ತ ಕುಳಿತದ್ದನ್ನು ಬಹಳ ಹೊತ್ತು ನೋಡಿ, ಮೆಲ್ಲಗೆ ಮುಚ್ಚಿದರು. ಪಾಪ, ಹುಡುಗಿ ಸಮಾಧಾನ ಮಾಡಲೆಂದು ಚೀಲದಿಂದ ಎರಡನೇ ಭಾಗ ತೆಗೆದು ಮುಂದೆ ಹಿಡಿದಳು.

ಅತ್ತೆ ಅದನ್ನು ಮುಟ್ಟಲಿಲ್ಲ. ದನಿ ತಗ್ಗಿಸಿ ಹೇಳಿದರು: “ಬ್ಯಾಡವ್ವ. ಉಂಡು ಮಲಗ್ಯಾನ. ಎಬ್ಬಸಬ್ಯಾಡ.”