ಆಚೆ ದಂಡೆಯ ಕಲ್ಲಂಗಡಿ

ಮದ್ರಾಸಿನ ಕಾಲೇಜಿನಲ್ಲಿ ಪಾಠ ಹೇಳುವ ಮರುಳಸಿದ್ದಪ್ಪನ ಬೇಸಿಗೆ ರಜೆಗೆ ಕಲ್ಲು ಬಿದ್ದದ್ದು ಮದ್ರಾಸಿನಿಂದ ಬಂದ ನಾಲ್ಕು ಸಾಲಿನ ಕಾಗದದಿಂದ. ದೇಶ ದೇಶಗಳ ನಡುವಿನ ಕಾನೂನಿನ ಮೇಲೆ ಅವನು ಏಳು ವರ್ಷ ಕೂತು ಬರೆದ ಪ್ರಬಂಧವನ್ನು ಓದಿದ ಪ್ರೊಫೆಸರು, 'ಬರೀ ಯುರೋಪಿನ ನದಿಗಳೇ ಆದವಲ್ಲ! ನಿಮ್ಮ ಸೀಮೆಯ ಒಂದಾದರೂ ಉದಾಹರಣೆ ಸೇರಿಸಿ. ಸೋಮವಾರದೊಳಗೆ ತಲುಪಿದರೆ ರೀಡರ್ ಹುದ್ದೆ ನಿಮಗೆ, ಇಲ್ಲದಿದ್ದರೆ ಇನ್ನೊಬ್ಬರಿಗೆ' ಎಂದು ಬರೆದಿದ್ದರು. ಅವನ ಊರು ಕಂಪ್ಲಿಯಿಂದ ಇವತ್ತು ಸಂಜೆ ಹೊರಡುವ ಟಪಾಲೇ ಕೊನೆಯದು.

ಪಾಪ, ಹತ್ತು ವರ್ಷದವನಿದ್ದಾಗಲೇ ಬಳ್ಳಾರಿಯ ಶಾಲೆ ಸೇರಿದವನು. ರೈನ್ ನದಿಯ ಸುಳಿಗಳೆಲ್ಲ ಗೊತ್ತು, ಮನೆ ಹಿಂದಿನ ತುಂಗಭದ್ರೆ ಗೊತ್ತಿಲ್ಲ. ಈಚೆ ದಂಡೆ ಇಂಗ್ಲಿಷರದು, ಆಚೆ ದಂಡೆ ನಿಜಾಮರದು, ನಡುವೆ ಬೇಸಿಗೆಯಲ್ಲಿ ತಲೆಯೆತ್ತುವ ಮರಳಿನ ನಡುಗಡ್ಡೆ, ಅದರ ತುಂಬ ಕಲ್ಲಂಗಡಿ ಬಳ್ಳಿ. ಅದು ಯಾರ ರಾಜ್ಯದ್ದು? ಈ ಕುತೂಹಲ ತಲೆಗೆ ಹೊಕ್ಕಿದ್ದೇ ತಡ, ಕೊಡೆ, ಬರೆಯುವ ಪುಸ್ತಕ ಹಿಡಿದು ಅಂಬಿಗ ಪಾಲಪ್ಪನ ಹರಿಗೋಲು ಹತ್ತಿದ.

"ಪಾಲಪ್ಪ, ಈ ಗಡ್ಡಿ ಯಾವ ಸರಕಾರದ್ದು?"

ಪಾಲಪ್ಪನ ಕೈಯ ಹುಟ್ಟು ನೀರಲ್ಲೇ ನಿಂತಿತು. "ನಮ್ದಂತೂ ಅಲ್ರಿ ಮಾಸ್ತರ್ರ. ಆಚೀ ದಂಡಿಯವ್ರದು."

ನಡುಗಡ್ಡೆಯ ಮೇಲೆ ಆಚೆ ದಂಡೆಯ ಹೊನ್ನೂರಸ್ವಾಮಿ ಬಳ್ಳಿಗಳಿಗೆ ನೀರು ಹಾಕುತ್ತಿದ್ದ. ಅವನನ್ನು ಕೇಳಿದರೆ, "ದೇವ್ರಾಣಿ ನಮ್ದಲ್ರಿ. ಇದು ಕಂಪ್ಲಿಯವ್ರದು" ಎಂದ.

"ಮತ್ತ ನೀರು ಹಾಕಾಕತ್ತೀಯಲ್ಲ?"

"ಯಾರ ಬಳ್ಳಿಗೆ ಹಾಕಿದ್ರೂ ಪುಣ್ಯ ಅಲ್ರಿ?"

ಮರುಳಸಿದ್ದಪ್ಪ ಹಿಗ್ಗಿ ಹೀರೇಕಾಯಿಯಾದ. ಅಂಗೈಯಗಲ ನೆಲಕ್ಕೆ ರಾಜರು ಕತ್ತಿ ಹಿರಿದ ಕತೆಗಳನ್ನೇ ಓದಿದವನು ಅವನು. ನಿಮ್ಮದು, ಅಲ್ಲ ನಿಮ್ಮದೇ ಎಂದು ಎರಡು ರಾಜ್ಯಗಳು ಒತ್ತಾಯ ಮಾಡಿಕೊಳ್ಳುವ ಜಾಗ ಯಾವ ಗ್ರಂಥದಲ್ಲಿದೆ? ಪುಸ್ತಕ ತೆರೆದು ಬರೆಯತೊಡಗಿದ, ಆಮೇಲೆ ಹೆಜ್ಜೆ ಹಾಕಿ ಗಡ್ಡೆಯನ್ನು ಅಳೆಯತೊಡಗಿದ.

ಅಲ್ಲೇ ಎಡವಟ್ಟಾಯಿತು. ಮಾಸ್ತರು ಅಳತೆ ಬರೆದುಕೊಳ್ಳುತ್ತಿದ್ದಾರೆ ಎಂಬ ಸುದ್ದಿ ಎರಡೂ ದಂಡೆ ಮುಟ್ಟಿತು. ಜನ ಬಂದು ಕಾವಲು ಗುಡಿಸಲು ಕಿತ್ತರು, ಕಾಯಿ ಹಣ್ಣು ನೋಡದೆ ಹರಿಗೋಲಿಗೆ ತುಂಬಿದರು. ಅವನು ಅಳೆದು ತಲೆಯೆತ್ತುವ ಹೊತ್ತಿಗೆ ಗಡ್ಡೆಯ ಮೇಲೆ ಅವನೊಬ್ಬನೇ. ಪಾಲಪ್ಪನ ಹರಿಗೋಲಿನಲ್ಲಿ ಕಲ್ಲಂಗಡಿಗಳು ಕೂತು ಹೊರಟಿದ್ದವು.

"ಲೇ ಪಾಲಪ್ಪ, ನಾನು?"

"ಜಾಗ ಇಲ್ರಿ, ಎದಿಮಟ್ಟ ನೀರೈತಿ, ನಡಕೋತ ಬರ್ರಿ."

ಪುಸ್ತಕ ತಲೆಯ ಮೇಲಿಟ್ಟುಕೊಂಡು ಇಳಿದ. ನಡುವೆ ಜಾರಿ ಕೊಡೆ ಹೋಯಿತು, ಒಂದು ಚಪ್ಪಲಿ ಹೋಯಿತು. ಪುಸ್ತಕ ಉಳಿಯಿತು. ದಂಡೆಯ ಮೇಲೆ ಅವನ ತಾಯಿ ಕೊಟ್ರಬಸಮ್ಮ, ಬೆನ್ನಿಗೆ ಅರ್ಧ ಓಣಿಯನ್ನು ಕಟ್ಟಿಕೊಂಡು ನಿಂತಿದ್ದಳು.

"ಅವ್ವಾ, ಈ ಗಡ್ಡಿ ಯಾರಿಗೂ ಬ್ಯಾಡಂತ. ಇಂಥದ್ದು ಯಾವ ಪುಸ್ತಕದಾಗೂ ಇಲ್ಲ. ಇದು ಅಚ್ಚಾದ್ರ ನಾ ರೀಡರ್ ಆದಂಗ."

"ಯಾರಿಗೂ ಬ್ಯಾಡ ಅಂತ ಯಾರಂದ್ರು? ಇಲ್ಲಿ ಸರಕಾರಕ್ಕ ಆಚೆಯವ್ರದು ಅಂತ ನಾವು ಹೇಳ್ತೀವಿ, ಅಲ್ಲಿ ಸರಕಾರಕ್ಕ ಕಂಪ್ಲಿಯವ್ರದು ಅಂತ ಅವ್ರು ಹೇಳ್ತಾರ. ಅದಕ್ಕ ಇಬ್ರಿಗೂ ಕಂದಾಯ ಇಲ್ಲ. ಅಜ್ಜನ ಕಾಲದಿಂದ ನಡದೈತಿ. ನೀ ಅಚ್ಚು ಹಾಕಿಸಿದ್ರ ಎರಡೂ ಕಡೀಯಿಂದ ತಹಸೀಲ್ದಾರ್ರು ಬರ್ತಾರ."

"ಕಾನೂನು ಓದಿದವ ನಾನು ಇದನ್ನ ಮುಚ್ಚಿಡ್ಲೇನವ್ವಾ?"

"ಆ ಕಾನೂನು ಓದಿಸಿದ್ದು ಯಾವ್ದು ಅಂತ ಮಾಡೀಯೋ? ನಿಮ್ಮಪ್ಪ ತೀರಿಕೊಂಡ ಮ್ಯಾಲೆ ನಿನ್ನ ಹಾಸ್ಟೆಲ್ಲು, ಫೀಸು, ಆ ದಪ್ಪ ದಪ್ಪ ಪುಸ್ತಕ ಎಲ್ಲಾ ಆ ಗಡ್ಡಿ ಕಲ್ಲಂಗಡ್ಯಾಗ ಬಂದಾವು. ಈಗ ನೀ ತುಳದು ಬಂದೀಯಲ್ಲ, ಆ ಬಳ್ಳಿ ನಮ್ಮವ."

ಓಣಿಯ ಜನ ಅವನ ಕೈಯಲ್ಲಿದ್ದ ಪುಸ್ತಕವನ್ನೇ ನೋಡುತ್ತಿದ್ದರು. ಮರುಳಸಿದ್ದಪ್ಪ ಪುಸ್ತಕ ತೆರೆದು ಗಡ್ಡೆಯ ವಿಷಯ ಬರೆದಿದ್ದ ನಾಲ್ಕು ಹಾಳೆ ಹುಡುಕಿದ. ಏಳು ವರ್ಷ ಕಾದ ಹುದ್ದೆ ಆ ನಾಲ್ಕು ಹಾಳೆಗಳಲ್ಲಿತ್ತು. ಅವನ್ನು ಹರಿದು ಹೊಳೆಗೆ ಬಿಟ್ಟ. 'ನಮ್ಮ ಸೀಮೆಯಲ್ಲಿ ಗಡಿಯ ತಕರಾರುಗಳಿಲ್ಲ' ಎಂದು ಒಂದು ಕಾರ್ಡು ಬರೆದು ಸಂಜೆಯ ಟಪಾಲಿಗೆ ಹಾಕಿದ. ಬರೆದದ್ದು ಸುಳ್ಳೂ ಆಗಿರಲಿಲ್ಲ.

ಮನೆಗೆ ಬಂದರೆ ತಾಯಿ ಎರಡು ದೊಡ್ಡ ಕಲ್ಲಂಗಡಿಗಳನ್ನು ಚೀಲಕ್ಕೆ ತುಂಬುತ್ತಿದ್ದಳು.

"ಮದ್ರಾಸಿಗೆ ಹೋಗೋವಾಗ ನಿಮ್ಮ ಪ್ರೊಫೆಸರ್ರಿಗೆ ಒಯ್ಯಿ. ಬ್ಯಾಸಗಿ, ಹೊಟ್ಟಿ ತಣ್ಣಗಾಗ್ತೈತಿ."

"ಯಾವೂರಾಗ ಬೆಳದಾವು ಅಂತ ಕೇಳಿದ್ರ ಏನು ಹೇಳ್ಲವ್ವಾ?"

ಕೊಟ್ರಬಸಮ್ಮ ಚೀಲದ ಬಾಯಿ ಬಿಗಿದು ಕಟ್ಟಿದಳು. "ಆಚೀ ದಂಡ್ಯಾಗ ಅನ್ನು."