ಗ್ರೆನೇಡು ರೈಫಲಿನ ಏಳು ಸುತ್ತು

ಬಂದೂಕು ಹಿಡಿದವರೆಲ್ಲ ಧೈರ್ಯವಂತರು ಎಂದು ನಂಬುವ ಜನ ಇನ್ನೂ ಇದ್ದಾರೆ. ತೊಕ್ಕೊಟ್ಟಿನಲ್ಲಿರುವ ನನ್ನ ಮಾವ ಅಂಥವರಲ್ಲಿ ಒಬ್ಬರು. ಖಾಕಿ ತೊಟ್ಟು, ಹೆಗಲ ಮೇಲೆ ನಕ್ಷತ್ರ ಹೊತ್ತು, ಹೊಟ್ಟೆಯನ್ನು ಆದಷ್ಟು ಒಳಗೆಳೆದುಕೊಂಡು ನಾನು ನಿಂತಿರುವ ಫೋಟೋವೊಂದು ಅವರ ಮನೆಯಲ್ಲಿ ದೇವರ ಪಟಕ್ಕಿಂತ ಗೇಣು ಕೆಳಗೆ ತೂಗುತ್ತಿದೆ. ಬಂದವರಿಗೆಲ್ಲ ಅದನ್ನು ತೋರಿಸಿ, "ನಮ್ಮ ಅಳಿಯ, ನಲವತ್ತು ರೈಫಲುಗಳ ಆಫೀಸರ್" ಎನ್ನುತ್ತಾರೆ. ಆ ನಲವತ್ತರಲ್ಲಿ ಒಂದೂ ಗುಂಡು ಹಾರಿಸುವ ಸ್ಥಿತಿಯಲ್ಲಿರಲಿಲ್ಲ ಎಂಬ ಸಂಗತಿಯನ್ನು ನಾನು ಅವರಿಗೆ ಹೇಳಿಲ್ಲ. ಆಫೀಸರನ ಸ್ಥಿತಿಯೂ ಹೆಚ್ಚುಕಡಿಮೆ ಅದೇ ಎಂಬುದನ್ನು ಹೆಂಡತಿ ಸಿಸಿಲಿಯೂ ಅಪ್ಪನಿಗೆ ಹೇಳಿಲ್ಲ. ಅಷ್ಟರ ಮಟ್ಟಿಗೆ ಅವಳು ಒಳ್ಳೆಯವಳು.

ಚೀನಾದ ಯುದ್ಧ ಮುಗಿದ ಮರುವರ್ಷದ ಮಾತು. ಕಾಲೇಜು ಹುಡುಗರೆಲ್ಲ ಎನ್.ಸಿ.ಸಿ. ಸೇರಲೇಬೇಕು ಎಂದು ಆಜ್ಞೆಯಾಯಿತು. ಹುಡುಗರು ಬೇಕಾದಷ್ಟಿದ್ದರು, ಆಫೀಸರುಗಳೇ ಇರಲಿಲ್ಲ. ನಾನಾಗ ಚರಿತ್ರೆಯ ಲೆಕ್ಚರರ್, ಅದೂ ತಾತ್ಕಾಲಿಕ. ನಾಲ್ಕು ವರ್ಷದಿಂದ ಪ್ರತಿ ಮಾರ್ಚಿನಲ್ಲಿ ನನ್ನನ್ನು ತೆಗೆದು ಪ್ರತಿ ಜೂನಿನಲ್ಲಿ ಮತ್ತೆ ಇಟ್ಟುಕೊಳ್ಳುತ್ತಿದ್ದರು. ಪ್ರಿನ್ಸಿಪಾಲ್ ಫಾದರ್ ಒಂದು ದಿನ ಕರೆದು, ದೇಶಕ್ಕೆ ಕಷ್ಟ ಬಂದಿದೆ, ನೀವು ಮುಂದೆ ಬರಬೇಕು ಎಂದರು. ದೇಶದ ಕಷ್ಟ ಕೇಳಿ ನಾನು ನೆಲ ನೋಡಿದೆ. ಆಗ ಅವರು, ವಾರ್ಷಿಕ ಇನ್‌ಸ್ಪೆಕ್ಷನ್ ಚೆನ್ನಾಗಿ ನಡೆದರೆ ನಿಮ್ಮನ್ನು ಖಾಯಂ ಮಾಡುವ ಯೋಚನೆ ಉಂಟು ಎಂದರು. ತಕ್ಷಣ ನನ್ನಲ್ಲಿ ದೇಶಭಕ್ತಿ ಉಕ್ಕಿಬಂತು. ಮೂರು ತಿಂಗಳು ತರಬೇತಿಯೆಂದು ನಾಗಪುರದ ಕಡೆಯ ಬಿಸಿಲಿನಲ್ಲಿ ನನ್ನನ್ನು ಚೆನ್ನಾಗಿ ಬೇಯಿಸಿ, ಒಂದು ನಕ್ಷತ್ರ ಕೊಟ್ಟು ಮಂಗಳೂರಿಗೆ ವಾಪಸು ಕಳಿಸಿದರು.

ಆಯುಧಗಳ ಕೋಣೆಗೆ ಸೈನ್ಯದವರು ಕೋತ್ ಎನ್ನುತ್ತಾರೆ. ನಮ್ಮ ಕೋತ್ ಇದ್ದದ್ದು ಹಳೆಯ ಸೈಕಲ್ ಶೆಡ್ಡಿನ ಹಿಂದೆ. ಅದನ್ನು ನೋಡಿಕೊಳ್ಳುವವರು ಬೋಳಾರದ ಸಂಜೀವಣ್ಣ. ಬರ್ಮಾದಲ್ಲಿ ಜಪಾನಿಯರ ಮೇಲೆ ಯುದ್ಧ ಮಾಡಿ ಬಂದ ಮನುಷ್ಯ. ಪೆನ್ಶನ್ ಸಾಲದೆ, ಕರಾರಿನ ಮೇಲೆ ಈ ಕೆಲಸಕ್ಕೆ ಸೇರಿದ್ದರು. ವರ್ಷಕ್ಕೊಮ್ಮೆ ಆ ಕರಾರು ಹೊಸದಾಗಬೇಕು; ರಿಪೋರ್ಟಿನಲ್ಲಿ ಒಂದು ಕೆಟ್ಟ ಸಾಲು ಬಂದರೆ ಮುಗಿಯಿತು. ಅಂದರೆ ಆ ಕೋಣೆಯಲ್ಲಿ ನಾವಿಬ್ಬರೂ ತಾತ್ಕಾಲಿಕರೇ. ಖಾಯಂ ಆಗಿದ್ದದ್ದು ರೈಫಲುಗಳು ಮಾತ್ರ.

ಅವುಗಳ ಚರಿತ್ರೆಯನ್ನು ಸಂಜೀವಣ್ಣನೇ ನನಗೆ ಹೇಳಿಕೊಟ್ಟದ್ದು. ಎಲ್ಲವೂ ಸೈನ್ಯ ಬೇಡವೆಂದ ಮಾಲು. ಕೆಲವು ಮೊದಲ ಮಹಾಯುದ್ಧವನ್ನೂ ಕಂಡವು. ಇವನ್ನು ಕಾಲೇಜುಗಳಿಗೆ ಕೊಡುವ ಮೊದಲು ನಳಿಗೆಗೆ ತೂತು ಕೊರೆದು, ಒಳಗಿನ ಪಿನ್ನು ಕತ್ತರಿಸಿ, ಮೇಲೊಂದು ಬಿಳಿ ಪಟ್ಟಿ ಬಳಿಯುತ್ತಿದ್ದರು. ಹುಡುಗರು ಹೆಗಲಿಗೇರಿಸಬಹುದು, ಇಳಿಸಬಹುದು, ಕಾಲಿನ ಮೇಲೆ ಬೀಳಿಸಿಕೊಳ್ಳಬಹುದು. ಅದಕ್ಕಿಂತ ಹೆಚ್ಚು ಅಪಾಯ ಅವುಗಳಿಂದ ಯಾರಿಗೂ ಇರಲಿಲ್ಲ.

ಇನ್‌ಸ್ಪೆಕ್ಷನ್ನಿಗೆ ಮೂರು ವಾರ ಇರುವಾಗ ಸಂಜೀವಣ್ಣನಿಗೆ ಜ್ವರ ಬಂತು. ಕೋತಿನ ಕೀಲಿಕೈ ನನ್ನ ಕೈಗೆ ಬಂತು. ನನ್ನ ಕೈಗೆ ಏನೂ ಬರಬಾರದು ಎಂದು ಸಿಸಿಲಿ ಮದುವೆಯಾದ ಹೊಸದರಲ್ಲೇ ಕಂಡುಕೊಂಡಿದ್ದಳು. ಸುಮ್ಮನೆ ಕೂತರೆ ನನಗೆ ಆಗುವುದಿಲ್ಲ. ಇನ್‌ಸ್ಪೆಕ್ಷನ್ ಎಂಬ ಮಾತು ಕೇಳಿದಂದಿನಿಂದ ನಿದ್ದೆ ಇಲ್ಲ, ಊಟ ಸೇರುವುದಿಲ್ಲ. ದಿನಕ್ಕೆ ಎರಡು ಸಲ ಹೋಗಿ ನಲವತ್ತನ್ನೂ ಎಣಿಸುವುದು, ಒರೆಸುವುದು, ಸಾಲಾಗಿ ನಿಲ್ಲಿಸುವುದು, ಸಾಲು ಸೊಟ್ಟಗೆ ಕಂಡು ಮತ್ತೆ ತೆಗೆಯುವುದು. ಹೀಗೆ ಒರೆಸುವಾಗ ಮೂಲೆಯಲ್ಲಿದ್ದ ಒಂದು ರೈಫಲು ಕಣ್ಣಿಗೆ ಬಿತ್ತು. ಅದರ ಮುಂಭಾಗಕ್ಕೆ ಮೂರು ಕಡೆ ತಾಮ್ರದ ತಂತಿಯನ್ನು ಒತ್ತೊತ್ತಾಗಿ ಸುತ್ತಿ, ಅಲ್ಲಲ್ಲಿ ಬೆಸುಗೆ ಹಾಕಿದ್ದರು.

ನಮ್ಮೂರಲ್ಲಿ ಒಂದು ವಸ್ತುವಿಗೆ ಹಗ್ಗವನ್ನೋ ತಂತಿಯನ್ನೋ ಸುತ್ತಿದ್ದಾರೆಂದರೆ ಅರ್ಥ ಒಂದೇ: ಅದು ಒಡೆದಿದೆ. ಬಂದರಿನಲ್ಲಿ ದೋಣಿಯ ಹುಟ್ಟು ಬಿರಿದರೆ ಹುರಿ ಸುತ್ತುತ್ತಾರೆ. ನನ್ನ ಕೊಡೆಯ ಹಿಡಿಗೆ ನಾನೇ ಸುತ್ತಿದ್ದೆ. ಕರ್ನಲ್ ಬಂದು ಇದೇನು ಎಂದು ಕೇಳಿದರೆ ಮಾನ ಹೋಗುತ್ತದೆ ಎನಿಸಿತು. ತಂತಿಯ ಒಂದು ತುದಿ ಹೇಗೂ ಎದ್ದಿತ್ತು. ಎಳೆದು ನೋಡಿದೆ. ಬಂತು. ಇನ್ನಷ್ಟು ಎಳೆದೆ. ಎರಡು ದಿನದಲ್ಲಿ, ಇಕ್ಕಳದ ಸಹಾಯದಿಂದ, ಮೂರು ಕಟ್ಟುಗಳೂ ಬಿಚ್ಚಿದವು. ಒಳಗೆ ನೋಡಿದರೆ ಮರ ಎಲ್ಲೂ ಒಡೆದಿರಲಿಲ್ಲ. ಯಾರೋ ದಡ್ಡರು ಸುಮ್ಮನೆ ಸುತ್ತಿದ್ದಾರೆ ಎಂದು ನಕ್ಕು, ಎಣ್ಣೆ ಹಚ್ಚಿ, ಅದನ್ನು ಸಾಲಿನ ಮೊದಲನೆಯ ಜಾಗದಲ್ಲೇ ನಿಲ್ಲಿಸಿದೆ.

ಇಷ್ಟೊಳ್ಳೆ ತಾಮ್ರದ ತಂತಿಯನ್ನು ಎಸೆಯಲು ಯಾರಿಗೆ ಮನಸ್ಸು ಬರುತ್ತದೆ? ಮನೆಗೆ ತಂದೆ. ಆಗಷ್ಟೇ ನಾವು ಹಳೆಯ ರೇಡಿಯೋ ಒಂದನ್ನು ಕೊಂಡಿದ್ದೆವು. ಸಿಲೋನ್ ಸ್ಟೇಷನ್ ಹಾಕಿದರೆ ಕೆಮ್ಮು, ಉಬ್ಬಸ, ಮಧ್ಯೆ ಎಲ್ಲೋ ಎರಡು ಸಾಲು ಹಾಡು. ಮೂರು ತುಂಡುಗಳನ್ನು ಜೋಡಿಸಿ ಹಂಚಿನ ಮಾಡಿನಿಂದ ಅಂಗಳದ ತೆಂಗಿನ ಮರಕ್ಕೆ ಏರಿಯಲ್ ಕಟ್ಟಿಸಿದೆ. ಕಾಯಿ ಕೀಳಲು ಬಂದವನೇ ಮೇಲೆ ಗಂಟು ಹಾಕಿ ಕೊಟ್ಟ. ಆ ಸಂಜೆ ಹಾಡುವವರು ಪಕ್ಕದ ಕೋಣೆಯಲ್ಲೇ ಕೂತಷ್ಟು ಸ್ಪಷ್ಟವಾಗಿ ಕೇಳಿಸಿತು. ಮದುವೆಯಾದ ಮೇಲೆ ನೀವು ಮಾಡಿದ ಮೊದಲ ಉಪಯೋಗದ ಕೆಲಸ ಎಂದು ಸಿಸಿಲಿ ಮೆಚ್ಚಿಕೊಂಡಳು. ಅವಳು ಹೊಗಳುವುದು ಅಪರೂಪ. ಎರಡು ದಿನ ನಾನು ನೆಲದ ಮೇಲೆ ನಡೆಯಲಿಲ್ಲ.

ಇನ್‌ಸ್ಪೆಕ್ಷನ್ನಿಗೆ ನಾಲ್ಕು ದಿನ ಇರುವಾಗ ಸಂಜೀವಣ್ಣ ಬಂದರು. ಬಾಗಿಲಲ್ಲೇ ನಿಂತು ಸಾಲನ್ನೊಮ್ಮೆ ನೋಡಿದರು. ಮೊದಲನೆಯ ರೈಫಲಿನ ಹತ್ತಿರ ಹೋಗಿ ಬೆರಳಿನಿಂದ ಮರವನ್ನು ಸವರಿದರು.

"ಸಾರ್, ಇದರ ತಂತಿ ಎಲ್ಲಿ ಉಂಟು?"

"ಒಡೆದದ್ದಕ್ಕೆ ಸುತ್ತಿದ್ದು ಅಂತ ಬಿಚ್ಚಿದೆ, ಸಂಜೀವಣ್ಣ."

"ಎಂತ ಮಾರಾಯ್ರೇ ನೀವು! ಅದು ಒಡೆದದ್ದಕ್ಕೆ ಸುತ್ತಿದ್ದಲ್ಲ. ಒಡೆದರೆ ನಮ್ಮ ಮುಖಕ್ಕೆ ಬರಬಾರದು ಅಂತ ಸುತ್ತಿದ್ದು. ಅದು ಗ್ರೆನೇಡ್ ಬಿಡುವ ರೈಫಲ್."

ಆ ಮೇಲೆ ಮುಕ್ಕಾಲು ಗಂಟೆ ನನಗೆ ಚರಿತ್ರೆಯ ಪಾಠವಾಯಿತು. ಕೈಯಿಂದ ಎಸೆದ ಬಾಂಬು ಎಷ್ಟು ದೂರ ಹೋದೀತು? ಅದಕ್ಕೆ ಮೊದಲ ಯುದ್ಧದ ಕಾಲದಲ್ಲಿ ಗ್ರೆನೇಡಿನ ಬುಡಕ್ಕೆ ಉದ್ದನೆಯ ಸರಳು ಸಿಕ್ಕಿಸಿ, ಆ ಸರಳನ್ನು ರೈಫಲಿನ ಬಾಯಿಗೆ ತುರುಕಿ, ಗುಂಡಿಲ್ಲದ ಖಾಲಿ ತೋಟಾ ಹಾರಿಸಿ ಕಳಿಸುತ್ತಿದ್ದರು. ಗ್ರೆನೇಡು ಹೋಗುತ್ತಿತ್ತು, ನಳಿಗೆಯೂ ಉಬ್ಬಿ ಹಾಳಾಗುತ್ತಿತ್ತು. ಮುಂದೆ ಸರಳು ಬಿಟ್ಟು, ರೈಫಲಿನ ಬಾಯಿಗೆ ಲೋಟದಂಥ ಒಂದು ಕಬ್ಬಿಣದ ಬಟ್ಟಲನ್ನು ಕೂರಿಸಿದರು. ರೈಫಲಿನ ಹಿಂಬದಿಯನ್ನು ನೆಲಕ್ಕೆ ಊರಿ, ಬಾಯಿಯನ್ನು ಆಕಾಶಕ್ಕೆ ಓರೆ ಮಾಡಿ, ಮುಖ ಆಚೆ ತಿರುಗಿಸಿ ಕುದುರೆ ಎಳೆಯಬೇಕು. ಆ ಹೊಡೆತಕ್ಕೆ ಮರ ಸೀಳುತ್ತದೆ, ಆದ್ದರಿಂದ ತಂತಿ. ಒಳ್ಳೆಯ ರೈಫಲನ್ನು ಈ ಕೆಲಸಕ್ಕೆ ಕೊಡುವುದಿಲ್ಲ. ಸರಿಯಾಗಿ ಗುರಿ ಹಿಡಿಯದ, ಸವೆದ ರೈಫಲನ್ನೇ ಆರಿಸಿ ತಂತಿ ಸುತ್ತುತ್ತಿದ್ದರು. ಬರ್ಮಾದಲ್ಲಿ ಅಂಥದೊಂದನ್ನು ಎಂಟು ತಿಂಗಳು ಹೊತ್ತವರು ಸಂಜೀವಣ್ಣ. ಬಲಗಿವಿ ಅಲ್ಲಿಯೇ ಹೋದದ್ದಂತೆ. ಅಷ್ಟು ದಿನ ನಾನು ಅವರ ಬಲಗಡೆ ನಿಂತು ಹೇಳಿದ ಆಜ್ಞೆಗಳು ಯಾಕೆ ನಡೆಯುತ್ತಿರಲಿಲ್ಲ ಎಂದು ಆವತ್ತು ಗೊತ್ತಾಯಿತು.

"ಕೋತಿನ ಪುಸ್ತಕದಲ್ಲಿ ತಂತಿ ಸಮೇತ ಬರೆದದ್ದುಂಟು ಸಾರ್, ಕೆಳಗೆ ಸೈನು ನನ್ನದು" ಎಂದರು. ಕೋಪದಿಂದ ಹೇಳಲಿಲ್ಲ. ಕೋಪದಿಂದ ಹೇಳಿದ್ದರೆ ನನಗೆ ಎಷ್ಟೋ ವಾಸಿಯಿತ್ತು.

ಮನೆಗೆ ಓಡಿದೆ. ರೇಡಿಯೋದಲ್ಲಿ ಹಾಡು ನಡೆಯುತ್ತಿತ್ತು, ಸಿಸಿಲಿ ಮೀನು ಹೆಚ್ಚುತ್ತ ಗುನುಗುತ್ತಿದ್ದಳು. ನಾನು ಏಣಿ ಹತ್ತಿ ಮಾಡಿನ ಕಡೆಯ ತುದಿ ಬಿಚ್ಚಿದೆ. ಹಾಡು ಅಲ್ಲಿಗೇ ನಿಂತು ಉಬ್ಬಸ ಶುರುವಾಯಿತು. ಮರದ ಕಡೆಯ ಗಂಟು ಬಿಚ್ಚಬೇಕಾದರೆ ತೆಂಗಿನ ಮರ ಹತ್ತಬೇಕು. ಕಾಯಿ ಕೀಳುವವನನ್ನು ಕಾಯುವ ತಾಳ್ಮೆ ನನಗೆಲ್ಲಿ? ಕೆಳಗೆ ನಿಂತು ಬಲವಾಗಿ ಎಳೆದೆ. ತಂತಿ ಹರಿದು ಬಂತು. ಗಂಟು ಮತ್ತು ಅದರ ಸುತ್ತಲಿನ ಎರಡು ಮೊಳ ಮೇಲೆಯೇ ಉಳಿಯಿತು.

ಮರುದಿನ ಫುಟ್‌ಬಾಲ್ ಮೈದಾನದಲ್ಲಿ ರಿಪೇರಿ ನಡೆಯಿತು. ತಂತಿ ಬಿಗಿಯಾಗಿ ಕೂರಬೇಕಾದರೆ ಒಂದು ತುದಿಯನ್ನು ಗೋಲು ಕಂಬಕ್ಕೆ ಕಟ್ಟಿ, ಇನ್ನೊಂದು ತುದಿಯನ್ನು ರೈಫಲಿಗೆ ಸಿಕ್ಕಿಸಿ, ಹಿಂದಕ್ಕೆ ಜಗ್ಗಿ ಹಿಡಿದು, ರೈಫಲನ್ನು ತಿರುಗಿಸುತ್ತ ತಿರುಗಿಸುತ್ತ ಕಂಬದ ಕಡೆಗೆ ನಡೆಯಬೇಕಂತೆ. ಒಂದು ಕಡೆ ಸಂಜೀವಣ್ಣ, ಒಂದು ಕಡೆ ನಾನು, ನಡುವೆ ರೈಫಲು. ಬಸವನ ಹುಳುವಿನ ವೇಗದಲ್ಲಿ ಮೂರು ಸಲ ಗೋಲಿಗೆ ಹೋದೆವು. ಪ್ರಿನ್ಸಿಪಾಲ್ ಫಾದರ್ ಮಹಡಿಯ ಜಗಲಿಯಲ್ಲಿ ನಿಂತು ಎಲ್ಲವನ್ನೂ ನೋಡಿದರು. ಹೊಸ ಡ್ರಿಲ್ ಎಂದು ತಿಳಿದಿರಬೇಕು. ಕೈ ಎತ್ತಿ ಆಶೀರ್ವಾದ ಮಾಡಿ ಒಳಗೆ ಹೋದರು. ಫಿಸಿಕ್ಸ್ ಲ್ಯಾಬಿನಿಂದ ಬೆಸುಗೆಯ ಕಾವು ಕಡ್ಡಿ ತಂದು ಸಂಜೀವಣ್ಣ ಬೆಸುಗೆಯನ್ನೂ ಹಾಕಿದರು. ಎರಡು ಕಟ್ಟು ಮೊದಲಿನಂತೆಯೇ ಬಂದವು. ಮೂರನೆಯದು ಏಳು ಸುತ್ತು ಕಡಿಮೆಯಾಯಿತು. ಅದೇ ಥರದ ತಂತಿಗಾಗಿ ಬಂದರಿನ ಗುಜರಿ ಅಂಗಡಿಗಳನ್ನೆಲ್ಲ ಸುತ್ತಿದೆ. ದಪ್ಪ ಸಿಕ್ಕಿದರೆ ಬಣ್ಣವಿಲ್ಲ, ಬಣ್ಣ ಸಿಕ್ಕಿದರೆ ದಪ್ಪವಿಲ್ಲ. ಏಳು ಸುತ್ತನ್ನು ಯಾರು ಎಣಿಸುತ್ತಾರೆ ಎಂದು ನನಗೆ ನಾನೇ ನೂರು ಸಲ ಹೇಳಿಕೊಂಡೆ.

ಕರ್ನಲ್ ಎಣಿಸಿದರು. ಕೊಡಗಿನವರು, ಕನ್ನಡ ಬರುತ್ತಿತ್ತು, ಮಾತು ಕಡಿಮೆ. ಹುಡುಗರ ಪರೇಡು ನೋಡಿ ತಲೆಯಾಡಿಸಿದರು. ಕೋತಿಗೆ ಬಂದು ಉಳಿದ ಮೂವತ್ತೊಂಬತ್ತು ರೈಫಲುಗಳನ್ನು ಬಿಟ್ಟು ನೇರವಾಗಿ ಅದರ ಹತ್ತಿರ ಹೋದರು. ಮೂರನೆಯ ಕಟ್ಟಿನ ಮೇಲೆ ಹೆಬ್ಬೆರಳು ಎಳೆದು, ಹಿಂದಿನ ಬಿಳಿಚಿದ ಗುರುತು ಎಲ್ಲಿಯವರೆಗಿತ್ತು ಎಂದು ನೋಡಿದರು.

"ಇದನ್ನು ಬಿಚ್ಚಿದ್ದು ಯಾರು?"

ನಾನು ಬಾಯಿ ತೆರೆಯಬೇಕು ಎಂದುಕೊಂಡೆ. ಫಾದರ್ ನನ್ನ ಬಲಗಡೆಯೇ ನಿಂತಿದ್ದರು. ಜೂನ್ ಕಣ್ಣ ಮುಂದೆ ಬಂತು, ಮಾವ ಬಂದರು, ಅವರ ಗೋಡೆಯ ಫೋಟೋ ಬಂತು.

"ನಾನು ಸಾರ್" ಎಂದರು ಸಂಜೀವಣ್ಣ. "ಸಡಿಲ ಆಗಿತ್ತು. ಬಿಚ್ಚಿ ಸುತ್ತಿದೆ."

ಕರ್ನಲ್ ಅವರನ್ನು ನೋಡಿದರು, ಆ ಮೇಲೆ ನನ್ನನ್ನು. ನಾನು ಅಟೆನ್ಶನ್ನಿನಲ್ಲಿ ನಿಂತು ಎದುರಿನ ಗೋಡೆ ನೋಡಿದೆ. ಅಷ್ಟು ಚೆನ್ನಾಗಿ ಅಟೆನ್ಶನ್ನಿನಲ್ಲಿ ನಾನು ಅದಕ್ಕೆ ಮೊದಲು ಎಂದೂ ನಿಂತಿರಲಿಲ್ಲ. ಅವರು ಪುಸ್ತಕ ತೆಗೆದು ಒಂದು ಸಾಲು ಬರೆದುಕೊಂಡು ಜೀಪು ಹತ್ತಿದರು. ಫಾದರ್ ನನ್ನ ಕೈ ಕುಲುಕಿ, ಎಲ್ಲ ಚೆನ್ನಾಗಿ ನಡೆಯಿತು ಎಂದರು. ಸಂಜೀವಣ್ಣ ಏನೂ ಆಗದವರಂತೆ ಕೋತಿನ ಬಾಗಿಲು ಹಾಕಿದರು.

ಮನೆಗೆ ಹೋಗಿ ಊಟಕ್ಕೆ ಕೂತೆ. ಎರಡು ಸಲ ಅನ್ನ ಹಾಕಿಸಿಕೊಂಡೆ, ರುಚಿ ಒಂದೂ ಗೊತ್ತಾಗಲಿಲ್ಲ. ಕೈ ತೊಳೆದು ಅಂಗಳದಲ್ಲಿ ಅಡ್ಡಾಡಿದೆ. ಒಳಗೆ ಬಂದು ಪೇಪರು ಹಿಡಿದೆ. ಮತ್ತೆ ಅಂಗಳಕ್ಕೆ ಹೋದೆ. ಕಾಲು ಸುಟ್ಟ ಬೆಕ್ಕಿನ ಹಾಗೆ ಯಾಕೆ ತಿರುಗುತ್ತೀರಿ ಎಂದು ಸಿಸಿಲಿ ಕೇಳಿದಳು. ಹೇಳಿದೆ. ಸಂಜೀವಣ್ಣ ದೊಡ್ಡ ಮನುಷ್ಯ, ತಾವಾಗಿಯೇ ಒಪ್ಪಿಕೊಂಡರು, ನಾನೇನು ಹೇಳಿಸಿದ್ದಲ್ಲ, ಇನ್ನು ಮಧ್ಯೆ ಬಾಯಿ ಹಾಕಿದರೆ ಅವರನ್ನು ಸುಳ್ಳುಗಾರ ಮಾಡಿದಂತೆ ಆಗುತ್ತದೆ ಎಂದು ವಿವರಿಸಿದೆ. ಚರಿತ್ರೆಯ ಲೆಕ್ಚರರಿಗೆ ಕಾರಣಗಳು ಕಡಿಮೆ ಬೀಳುವುದಿಲ್ಲ. ಅವಳು ಪೂರ್ತಿ ಕೇಳಿದಳು.

"ನಿಮ್ಮ ಕೆಲಸ ಹೋದರೆ ನನ್ನ ಅಪ್ಪ ನಾಲ್ಕು ಮಾತು ಬೈದು ಅಕ್ಕಿ ಕಳಿಸ್ತಾರೆ. ಅವರ ಕೆಲಸ ಹೋದರೆ ಅಕ್ಕಿ ಕಳಿಸುವವರು ಯಾರಿದ್ದಾರೆ?" ಎಂದಳು. ಎದ್ದು ಹೋಗಿ ನನ್ನ ಟೋಪಿ ತಂದು ಕೈಯಲ್ಲಿಟ್ಟಳು.

ಕರ್ನಲ್ ಹಂಪನಕಟ್ಟೆಯ ಲಾಡ್ಜಿನಲ್ಲಿ ಇಳಿದಿದ್ದರು. ಮಧ್ಯಾಹ್ನದ ಕಾಫಿ ಕುಡಿಯುತ್ತಿದ್ದರು. ನಾನು ಸೆಲ್ಯೂಟ್ ಹೊಡೆದು, ಬಿಚ್ಚಿದ್ದು ನಾನು, ಏರಿಯಲ್ ಮಾಡಿದ್ದೂ ನಾನು, ಏಳು ಸುತ್ತು ನಮ್ಮ ತೆಂಗಿನ ಮರದ ಮೇಲಿದೆ ಎಂದು ಒಂದೇ ಉಸಿರಿನಲ್ಲಿ ಹೇಳಿದೆ. ಅವರು ಲೋಟ ಕೆಳಗಿಟ್ಟರು.

"ಅವನ ಸರ್ವಿಸ್ ಪುಸ್ತಕ ನಾನು ಓದಿದ್ದೇನೆ. ಬರ್ಮಾದಲ್ಲಿ ಅದನ್ನು ಹೊತ್ತವನು ತಾನಾಗಿ ಬಿಚ್ಚುವುದಿಲ್ಲ ಅಂತ ನನಗೆ ಗೊತ್ತಿತ್ತು" ಎಂದರು. ಪುಸ್ತಕ ತೆಗೆದು ತೋರಿಸಿದರು. ಅವರು ಬರೆದುಕೊಂಡಿದ್ದ ಸಾಲಿನಲ್ಲಿ ಇದ್ದದ್ದು ಸಂಜೀವಣ್ಣನ ಹೆಸರಲ್ಲ. ಕೋತಿನಿಂದ ಹೊರಟ ಹೊತ್ತು. ಅವರು ಕೈಗಡಿಯಾರ ನೋಡಿ ಅದರ ಪಕ್ಕದಲ್ಲಿ ಇನ್ನೊಂದು ಹೊತ್ತು ಬರೆದರು. "ಎರಡು ಗಂಟೆ ನಲವತ್ತು ನಿಮಿಷ. ಬರುವುದೇ ಇಲ್ಲ ಅಂದುಕೊಂಡಿದ್ದೆ."

ಸಂಜೀವಣ್ಣನ ಕರಾರು ಹೊಸದಾಯಿತು. ನಾನು ಮತ್ತೆರಡು ಜೂನು ತಾತ್ಕಾಲಿಕನಾಗಿದ್ದು ಮೂರನೆಯದರಲ್ಲಿ ಖಾಯಂ ಆದೆ. ಈಗ ಈ ಕತೆಯನ್ನು ಹೇಳುವಾಗಲೆಲ್ಲ, ಆ ಎರಡು ಗಂಟೆ ನಲವತ್ತು ನಿಮಿಷದಲ್ಲಿ ಹೆಚ್ಚಿನ ಪಾಲು ಬಸ್ಸಿಗೆ ಕಾದದ್ದು ಎಂದು ಸೇರಿಸುತ್ತೇನೆ. ನಮ್ಮ ಮನೆಯಿಂದ ಹಂಪನಕಟ್ಟೆಗೆ ನಡೆದರೆ ಕಾಲು ಗಂಟೆ. ಕೇಳುವವರು ಮಂಗಳೂರಿನವರಾದರೆ ಆ ಮಾತು ಬರುವ ಹೊತ್ತಿಗೆ ಸಿಸಿಲಿ ಕಾಫಿ ತರುತ್ತೇನೆಂದು ಎದ್ದು ಒಳಗೆ ಹೋಗುತ್ತಾಳೆ.