ವಾಸಿಯಾದ ಮೇಲಿನ ಫಜೀತಿಗಳು

ಸ್ತನ ಕ್ಯಾನ್ಸರ್ ಬಂದು ವಾಸಿಯಾದವಳು ನಾನು. ಹಳದೀಪುರದಲ್ಲಿ ಹೆದ್ದಾರಿ ಪಕ್ಕ ಬ್ಲೌಸ್ ಹೊಲಿಯುತ್ತೇನೆ. ಇಂಥ ಕಾಯಿಲೆ ಬಂದ ಮನೆಯಲ್ಲಿ ಬರೀ ಅಳು ಅಂತ ಜನ ತಿಳಿದಿದ್ದಾರೆ. ನಮ್ಮಲ್ಲಿ ಹಾಗಲ್ಲ, ಅಳೋಣ ಅಂತ ಕೂತರೆ ಸಾಕು, ಯಾರಾದರೂ ಬಂದು ಎಂತಾದರೂ ಹೇಳಿ ಕೆಡಿಸಿಬಿಡುತ್ತಾರೆ.

ಪ್ರಸಾದ

ಕೀಮೋ ಮುಗಿದು ತಲೆ ಬೋಳಾಗಿತ್ತು. ಕುಮಟಾದಿಂದ ಬಸ್ಸಿನಲ್ಲಿ ಬರುವಾಗ ಗಾಳಿಗೆ ಸ್ಕಾರ್ಫ್ ಜಾರಿತು. ಪಕ್ಕದ ಸೀಟಿನ ಅಜ್ಜಿ ಕೈಮುಗಿದು, "ತಿರುಪತಿಗೆ ಹೋಗಿದ್ಯನೇ ತಂಗಿ? ಪುಣ್ಯವಂತೆ. ಪ್ರಸಾದ ಇದ್ರೆ ಚೂರು ಕೊಡು" ಎಂದಳು. ಇಡೀ ಬಸ್ಸಿಗೆ ನನ್ನ ಕಾಯಿಲೆಯ ಕಥೆ ಹೇಳಲು ಮನಸ್ಸಾಗಲಿಲ್ಲ. ವಾಕರಿಕೆಗೆಂದು ಬ್ಯಾಗಿನಲ್ಲಿಟ್ಟುಕೊಂಡಿದ್ದ ಒಣ ನೆಲ್ಲಿಕಾಯಿ ಕೊಟ್ಟೆ. ಅಜ್ಜಿ ಕಣ್ಣಿಗೊತ್ತಿಕೊಂಡು ಬಾಯಿಗೆ ಹಾಕಿದವಳು ಮುಖ ಕಿವುಚಿದಳು. "ಎಂತದೇ ಇದು? ದೇವ್ರೂ ಲಾಡು ತಿನ್ನೂದು ಬಿಟ್ನಾ?"

ಬಂಗಡೆ

ಮನೆಬಾಗಿಲಿಗೆ ಮೀನು ತರುವ ಅಕ್ಕ ನನ್ನನ್ನು ನೋಡಿ ತಿಂಗಳುಗಳಾಗಿದ್ದವು. ಬುಟ್ಟಿ ಇಳಿಸಿ, "ಎಂತ ಆತು ನಿಂಗೆ? ಇಷ್ಟು ಸೊರಗಿದ್ಯಲ್ಲೇ" ಎಂದಳು.

"ಕ್ಯಾನ್ಸರ್ ಆಗಿತ್ತು ಅಕ್ಕಾ. ಒಂದು ಬದಿ ಎದೆ ತೆಗೆದ್ರು. ಈಗ ಆರಾಮು."

ಅವಳು ಮೆಟ್ಟಿಲ ಮೇಲೆ ಕುಸಿದು, ನನ್ನ ಕೈಹಿಡಿದು ಅತ್ತೇಬಿಟ್ಟಳು. ಸ್ವಲ್ಪ ಹೊತ್ತಾದ ಮೇಲೆ ಕೇಳಿದಳು, "ಬಂಗಡೆ ತಿನ್ಲಕ್ಕಾ?"

"ಡಾಕ್ಟರ್ ತಿನ್ನಿ ಅಂದಿದಾರೆ."

ಥಟ್ಟನೆ ಕಣ್ಣೊರೆಸಿಕೊಂಡಳು. "ಮತ್ತೆ ಎಂತಕ್ಕೆ ನನ್ನ ಅಳಿಸ್ದೆ? ನಾ ಗಿರಾಕಿ ಹೋಯ್ತು ಅಂದ್ಕಂಡೆ!"

ವರದಿ

ಆರು ತಿಂಗಳಿಗೊಮ್ಮೆ ತಪಾಸಣೆ. ಅದರ ಹಿಂದಿನ ವಾರ ನಾನು ಹೊಲಿದ ಬ್ಲೌಸನ್ನು ಯಾರೂ ತೊಡಬಾರದು. ಎಡತೋಳು ಬಲಕ್ಕೆ ಕೂತಿರುತ್ತದೆ. ಮಗಳಿಗೆ ಎಂಟು ವರ್ಷ. ತನ್ನ ಜಡೆ ತಾನೇ ಹಾಕಿಕೊಳ್ಳುವಷ್ಟು ದೊಡ್ಡವಳಾಗುವವರೆಗಾದರೂ ಇರುತ್ತೇನೋ ಇಲ್ಲವೋ ಎಂಬುದೊಂದೇ ಯೋಚನೆ.

ಕಳೆದ ಸಲ ವರದಿ ಚೆನ್ನಾಗಿ ಬಂತು. ಆಸ್ಪತ್ರೆಯ ಬಾಗಿಲಲ್ಲೇ ನಿಂತು ಫೋನ್ ಮಾಡಿದೆ. "ಪುಟ್ಟೀ, ಅಮ್ಮಂಗೆ ಎಂತದೂ ಇಲ್ಲವಂತೆ! ಸಂಜೆಗೇ ಬರ್ತೆ!"

ಆ ಕಡೆಯಿಂದ ಮೂಗೆಳೆಯುವ ಸದ್ದು ಕೇಳಿತು. ಅಳುತ್ತಿದ್ದಾಳೆ ಅಂತ ನಾನೂ ಸೆರಗನ್ನು ಕಣ್ಣಿಗೆ ಒತ್ತಿಕೊಂಡೆ.

"ಅಮ್ಮಾ," ಎಂದಳು ಮೆಲ್ಲಗೆ, "ನಾಳೆ ಬಾ. ಇವತ್ತು ಅಪ್ಪ ನೂಡಲ್ಸ್ ಮಾಡ್ತೆ ಹೇಳಿದಾರೆ."

ಹೋಮ್‌ವರ್ಕ್

ಎದೆ ತೆಗೆದ ಬದಿಯಲ್ಲಿ ಬ್ಲೌಸ್ ಖಾಲಿ ಕಾಣಬಾರದಲ್ಲ. ಪೇಟೆಯಿಂದ ತಂದ ಕೃತಕ ಎದೆ ನಮ್ಮ ಸೆಖೆಗೆ ಆಗಿಬರಲಿಲ್ಲ. ನಾನೇ ಹತ್ತಿಬಟ್ಟೆಯಲ್ಲಿ ದುಂಡನೆಯ ಚೀಲ ಹೊಲಿದು, ತೂಕಕ್ಕೆ ಹೆಸರುಕಾಳು ತುಂಬಿಕೊಂಡೆ. ಚೆನ್ನಾಗಿ ಕೂತಿತು. ಮುಚ್ಚಿಟ್ಟರೆ ಹೆದರುತ್ತಾಳೆಂದು ಮಗಳಿಗೂ ತೋರಿಸಿ ಎಲ್ಲ ಹೇಳಿದ್ದೆ.

ಮಳೆಗಾಲದಲ್ಲಿ ಒಂದು ದಿನ, ಕಾಳು ತೆಗೆಯಲು ಮರೆತು ಚೀಲ ತೊಳೆದು ಒಳಗಿನ ಹಗ್ಗಕ್ಕೆ ಹಾಕಿದೆ. ಎರಡು ದಿನ ಶಾಲು ಹೊದ್ದೇ ಹೊಲಿದೆ. ಮೂರನೇ ದಿನ ನೋಡಿದರೆ ಚೀಲವೇ ಇಲ್ಲ. ಮನೆಯಿಡೀ ಹುಡುಕಿ, ಇಲಿ ಎಳೆದುಕೊಂಡು ಹೋಯಿತು ಅಂದುಕೊಂಡೆ.

ಮಧ್ಯಾಹ್ನ ಮಗಳ ಟೀಚರ್ ಫೋನ್ ಮಾಡಿದರು. ದನಿ ಒಂಥರಾ ಇತ್ತು.

"ಒದ್ದೆ ಬಟ್ಟೆಯಲ್ಲಿ ಕಾಳು ಮೊಳಕೆ ಬರಿಸಿ ತನ್ನಿ ಅಂದಿದ್ದೆ. ಎಲ್ಲ ಮಕ್ಕಳೂ ಕರ್ಚೀಫಲ್ಲಿ ಕಟ್ಟಿ ತಂದಿದ್ರು. ನಿಮ್ಮ ಮಗಳದ್ದೇ ಎಲ್ಲಕ್ಕಿಂತ ಚೆನ್ನಾಗಿತ್ತು. ಗೋಡೆಗೆ ತೂಗುಹಾಕಿ ಚಪ್ಪಾಳೆ ಹೊಡೆಸಿದೆ. ಆಮೇಲೆ, ಇಷ್ಟು ಚಂದದ ಚೀಲ ಯಾರದ್ದು ಅಂತ ಕೇಳಿದೆ..."

"ಎಂತ ಹೇಳಿದ್ಲು?"

"'ಟೀಚರ್, ಅದು ಚೀಲ ಅಲ್ಲ, ನಮ್ಮಮ್ಮನ ಎದೆ. ಸಂಜೆ ವಾಪಸ್ ಕೊಡಿ, ಅಮ್ಮಂಗೆ ನಾಳೆ ಹೊನ್ನಾವರಕ್ಕೆ ಹೋಗೂದದೆ' ಅಂದ್ಲು."